ಹಳೇ ಸಂಬಳ ಕೇಳಿದರೆ ಏನನ್ನಬೇಕು? ಮಂಜುಗೊಂದು ಪತ್ರ

ಪ್ರೀತಿಯ ಮಂಜು,

ಟೆಕ್ನಿಕಲ್ ರೌಂಡ್ ಎಲ್ಲ ಮುಗೀತು, ಎಚ್‌ಆರ್ ಫೋನ್ ಬರೋದೊಂದೇ ಬಾಕಿ ಅಂತ ಬರೆದಿದ್ದೀಯ. ಅವರ ಮೊದಲ ಪ್ರಶ್ನೆ ನನಗೀಗಲೇ ಗೊತ್ತು: "ಕರೆಂಟ್ ಸಿಟಿಸಿ ಎಷ್ಟು?" ಅಂದ್ರೆ ಈಗಿನ ಕಂಪನಿ ವರ್ಷಕ್ಕೆ ನಿನಗಾಗಿ ಮಾಡೋ ಒಟ್ಟು ಖರ್ಚು. ನೀನು ಐದೂವರೆ ಅಂದ ತಕ್ಷಣ ಅದರ ಮೇಲೆ ಮೂವತ್ತು ಪರ್ಸೆಂಟ್ ಹೈಕ್ ಹಾಕಿ, ಏಳು ಲಕ್ಷದ ಚಿಲ್ಲರೆಗೆ ಮಾತು ಮುಗಿಸ್ತಾರೆ. ಆ ಹುದ್ದೆಗೆ ಹನ್ನೆರಡರವರೆಗೆ ಬಜೆಟ್ ಇದ್ದರೂ ನಿನಗದು ಗೊತ್ತಾಗಲ್ಲ. ಪಕ್ಕದ ಸೀಟಿನಲ್ಲಿ ಅದೇ ಕೆಲಸ ಮಾಡೋನು ಹನ್ನೊಂದಕ್ಕೆ ಸೇರಿರ್ತಾನೆ, ಯಾಕಂದ್ರೆ ಅವನ ಮೊದಲ ಕಂಪನಿ ಕೈಬಿಚ್ಚಿ ಕೊಟ್ಟಿತ್ತು. ಕ್ಯಾಂಪಸ್‌ನಲ್ಲಿ ಮೂರೂವರೆ ಲಕ್ಷಕ್ಕೆ ಸಹಿ ಹಾಕಿದ್ದು ಹೀಗೆ ವರ್ಷಗಟ್ಟಲೆ ಬೆನ್ನು ಬಿಡಲ್ಲ. ಬಾಣಂತನ, ಮಗು ಅಂತ ಮನೆಯಲ್ಲಿದ್ದು ವಾಪಸ್ ಬರೋ ಹೆಣ್ಣುಮಕ್ಕಳ ಪಾಡು ಇನ್ನೂ ಕಷ್ಟ.

ಕ್ಯಾಲಿಫೋರ್ನಿಯಾದಲ್ಲಿ 2018ರಿಂದ ಈ ಪ್ರಶ್ನೆ ಕೇಳೋ ಹಾಗೇ ಇಲ್ಲ. ಯುರೋಪಿಯನ್ ಒಕ್ಕೂಟದ 2023ರ ನಿರ್ದೇಶನವೂ ಹಾಗೇ ಹೇಳುತ್ತೆ. ನಮ್ಮಲ್ಲಿ ಮೊದಲಿದ್ದ 1976ರ ಸಮಾನ ವೇತನ ಕಾಯ್ದೆ, ಅದರ ಜಾಗಕ್ಕೆ ಬಂದ 2019ರ ವೇತನ ಸಂಹಿತೆ, ಸಮಾನ ಸಂಬಳದ ವಿಷಯದಲ್ಲಿ ಎರಡೂ ಮಾತಾಡೋದು ಲಿಂಗ ತಾರತಮ್ಯದ ಬಗ್ಗೆ. ಹಳೇ ಸಂಬಳ ಕೇಳಬಾರದು ಅಂತ ಅವುಗಳಲ್ಲಿಲ್ಲ. ಹಾಗಾಗಿ ನಿನ್ನ ಪರವಾಗಿ ನೀನೇ ಬಾಯಿ ಬಿಡಬೇಕು.

ಸುಳ್ಳು ಮಾತ್ರ ಹೇಳಬೇಡ ಮಾರಾಯ. ಮೂರು ತಿಂಗಳ ಪೇಸ್ಲಿಪ್, ಕಂಪನಿ ಕೊಡೋ ಸಂಬಳ-ತೆರಿಗೆಯ ಪತ್ರ ಫಾರ್ಮ್ 16 ಕೇಳ್ತಾರೆ, ಸಿಕ್ಕಿಬೀಳ್ತೀಯ. "ಮೇಡಂ, ಈ ರೋಲ್‌ಗೆ ರೇಂಜ್ ಎಷ್ಟಿದೆ ಹೇಳಿ, ಅದರೊಳಗೆ ಮಾತಾಡೋಣ" ಅನ್ನು. ಬಿಡದೆ ಕೇಳಿದರೆ ಇದ್ದದ್ದು ಹೇಳು, ಜೊತೆಗೇ ನಿನಗೆ ಬೇಕಾದ್ದನ್ನೂ ಹೇಳಿ ಸುಮ್ಮನಾಗು. ಆ ಸುಮ್ಮನಿರೋದೇ ನಮಗೆ ಬರಲ್ಲ. ಸಂತೆಯಲ್ಲಿ ಐದು ರೂಪಾಯಿಗೆ ಚೌಕಾಸಿ ಮಾಡೋರು ಇಲ್ಲಿ "ನೀವೇ ನೋಡಿ ಕೊಡಿ" ಅಂದುಬಿಡ್ತೀವಿ. ಎಚ್‌ಆರ್‌ನವರ ಮೇಲೆ ಸಿಟ್ಟಾಗಬೇಡ, ಕಡಿಮೆಗೆ ಮುಗಿಸಿದರೆ ಶಭಾಷ್ ಅನ್ನಿಸಿಕೊಳ್ಳೋದು ಅವರ ಕೆಲಸ.

ಒಂದು ವೇಳೆ ಹನ್ನೆರಡೇ ಕೊಟ್ಟರು ಅನ್ನು. ತಿಂಗಳಿಗೆ ಲಕ್ಷ ಅಂತ ಊರಲ್ಲಿ ಹೇಳಿಬಿಡಬೇಡ. ವೇರಿಯಬಲ್, ಅಂದ್ರೆ ಕೆಲಸ ನೋಡಿ ಕೊಡೋ ಭಾಗ, ಹತ್ತು ಪರ್ಸೆಂಟ್ ಇದ್ದರೆ 1,20,000 ಪಕ್ಕಕ್ಕೆ ಹೋಯ್ತು. ಬೇಸಿಕ್ (ಮೂಲ ವೇತನ) ಆರು ಲಕ್ಷ ಅಂತಿಟ್ಟುಕೋ, ಅದರ ಶೇ 12ರಂತೆ ಕಂಪನಿ ಕಟ್ಟೋ ಪಿಎಫ್ 72,000. ಅದೂ ನಿನ್ನ ಸಿಟಿಸಿಯೊಳಗೇ! ಕೆಲಸ ಬಿಡುವಾಗ ಕೊಡೋ ಇಡಿಗಂಟು, ಗ್ರಾಚ್ಯುಯಿಟಿ ಅಂತ 28,860 ತೋರಿಸ್ತಾರೆ, ಕಾಯಂ ನೌಕರನಾದ ನಿನಗೆ ಅದು ಸಿಗೋದು ಐದು ವರ್ಷ ದಾಟಿದ ಮೇಲೆ. ನಿನ್ನ ಪಾಲಿನ ಪಿಎಫ್, ತಿಂಗಳಿಗೆ ವೃತ್ತಿ ತೆರಿಗೆಯ 200 ರೂಪಾಯಿ ಕಳೆದರೆ ತಿಂಗಳಿಗೆ ಕೈಗೆ 75 ಸಾವಿರದ ಆಸುಪಾಸು, ಆದಾಯ ತೆರಿಗೆ ಬಂದರೆ ಅದು ಬೇರೆ. ಅದಕ್ಕೇ ಒಟ್ಟು ಮೊತ್ತ ಬಿಟ್ಟು, ಫಿಕ್ಸೆಡ್ ಎಷ್ಟು ಅಂತ ಮೊದಲು ಕೇಳು. ಜಾಯಿನಿಂಗ್ ಬೋನಸ್ ಇದ್ದರೆ, ಎಷ್ಟು ತಿಂಗಳೊಳಗೆ ಬಿಟ್ಟರೆ ವಾಪಸ್ ಕೊಡಬೇಕು ಅನ್ನೋದನ್ನೂ.

ಸಂಬಳದ ಬ್ರೇಕಪ್, ಯಾವುದಕ್ಕೆ ಎಷ್ಟು ಅನ್ನೋ ಪಟ್ಟಿ, ಮೇಲ್‌ನಲ್ಲಿ ಬರಲಿ, ಬಾಯಿಮಾತಿಗೆ ಹ್ಞೂಂ ಅನ್ನಬೇಡ. ಆಫರ್ ಲೆಟರ್ ಕೈಗೆ ಬರೋವರೆಗೂ ಇಲ್ಲಿ ರಾಜೀನಾಮೆ ಕೊಡಬೇಡ. ಮೇಲ್ ಬಂದ ಕೂಡಲೇ ನನಗೂ ಕಳಿಸು, ರಾತ್ರಿ ಎಷ್ಟೊತ್ತಾದರೂ ಪರವಾಗಿಲ್ಲ, ಕೂತು ಲೆಕ್ಕ ಹಾಕೋಣ.

ನಿನ್ನ,
ಶ್ರೀಧರ