ಒಂದು ನಲ್ಲಿ ಸಂಪರ್ಕದ ವಿಚಾರ

ಸಾಗರ,
ಕಾರ್ತಿಕ ಹುಣ್ಣಿಮೆಯ ಮಾರನೇ ದಿನ

ಚಿ. ಚೈತ್ರಾಳಿಗೆ ನಿನ್ನ ಮಾವ ಮಾಡುವ ಆಶೀರ್ವಾದಗಳು.

ಇಲ್ಲಿ ಎಲ್ಲರೂ ಕ್ಷೇಮ. ಅಡಿಕೆ ಕೊಯ್ಲು ಶುರುವಾಗಿದೆ, ಮರ ಹತ್ತಿ ಕೊನೆ ಕೊಯ್ಯುವ ಕೊನೆಗೌಡರು ಸಿಗದೆ ನಿನ್ನ ಅತ್ತೆಯ ಬೈಗುಳವೂ ಶುರುವಾಗಿದೆ. ಮೊನ್ನೆ ಫೋನಿನಲ್ಲಿ ನೀನು ಕೇಳಿದ್ದಕ್ಕೆ ನಾನು ಆಗಲೇ ಉತ್ತರ ಕೊಡಲಿಲ್ಲ. ನಿನಗೆ ಬೇಜಾರಾಗಿರಬೇಕು. ಫೋನಿನಲ್ಲಿ ಹೇಳುವ ವಿಷಯ ಅಲ್ಲ ಅನ್ನಿಸಿತು, ಅದಕ್ಕೇ ಕೂತು ಬರೆಯುತ್ತಿದ್ದೇನೆ.

ನೀನು ಹೇಳಿದ್ದಿಷ್ಟು. ಒಂದು ಮನೆಯವರು ಹೊಸ ನಲ್ಲಿ ಸಂಪರ್ಕಕ್ಕೆ ಅರ್ಜಿ ಹಾಕಿದ್ದಾರೆ. ಆ ಮನೆಯ ಹುಡುಗ ಬೇರೆ ಜಾತಿಯ ಹುಡುಗಿಯನ್ನು ಮದುವೆಯಾಗಿ ಕರಕೊಂಡು ಬಂದಿದ್ದಾನೆ. ಊರವರೆಲ್ಲ ಒಟ್ಟಾಗಿ, 'ಅವರಿಗೆ ಸದ್ಯ ಕೊಡಬೇಡಿ ಮೇಡಂ, ಊರಿನ ಒಂದು ನಿರ್ಧಾರ ಆಗಲಿ' ಎನ್ನುತ್ತಿದ್ದಾರೆ. ಮುಂದಿನ ಗ್ರಾಮಸಭೆಯಲ್ಲಿ ಠರಾವು ಮಾಡುತ್ತಾರಂತೆ. ನೀನು ಕೇಳಿದೆ, 'ಮಾವ, ಜನರೇ ಸಾರ್ವಭೌಮರು ಅಂತ ಪರೀಕ್ಷೆಗೆ ಓದಿಕೊಂಡು ಪಾಸಾದವಳು ನಾನು. ಊರೇ ಬೇಡ ಅಂದರೆ ಪಂಚಾಯಿತಿಯ ಪಿಡಿಒ ಆದ ನಾನು ಏನು ಮಾಡಬೇಕು?'

ಪ್ರಶ್ನೆ ಸಣ್ಣದಲ್ಲ ಕಣೇ. ನಲವತ್ತು ವರ್ಷ ಸರ್ಕಾರದ ಉಪ್ಪು ತಿಂದ ನನಗೇ ಅದು ಸರಿಯಾಗಿ ಅರ್ಥವಾದದ್ದು ರಿಟೈರ್ ಆಗುವ ಹೊತ್ತಿಗೆ.

ನಮ್ಮ ಮನೆಯ ಅಟ್ಟದ ಮೇಲೆ ಭತ್ತ ಅಳೆಯುವ ಒಂದು ಕೊಳಗ ಇತ್ತಲ್ಲ, ರಜೆಗೆ ಬಂದಾಗ ಅದರೊಳಗೆ ಗೋಲಿ ತುಂಬಿ ಆಡುತ್ತಿದ್ದೆ. ನಿನ್ನ ಅಜ್ಜ ಗೇಣಿ ಭತ್ತವನ್ನು ಮೊದಲು ಅದರಲ್ಲಿ ಅಳೆದು ಗಾಡಿಗೆ ಹೇರುತ್ತಿದ್ದರು. ಮನೆಯಲ್ಲಿ ನಲವತ್ತು ಕೊಳಗ ಆದದ್ದು ಗದ್ದೆಯ ಮಾಲೀಕರಾದ ಒಡೇರ ಅಂಗಳದಲ್ಲಿ ಮೂವತ್ತೇ ಆಗುತ್ತಿತ್ತು. ಅಲ್ಲಿಯ ಕೊಳಗ ದೊಡ್ಡದು. ಅಪ್ಪನಿಗೆ ಗೊತ್ತು, ಒಡೇರಿಗೂ ಗೊತ್ತು, ಅಳೆಯುವ ಆಳಿಗೂ ಗೊತ್ತು. ಆದರೂ ಅಳತೆ ಮುಗಿಯುವ ತನಕ ಅಪ್ಪ ಚಪ್ಪಲಿ ಹೊರಗೆ ಬಿಟ್ಟು ಕೈಕಟ್ಟಿ ನಿಂತಿರುತ್ತಿದ್ದರಂತೆ. 1951ರಲ್ಲಿ ನಮ್ಮ ತಾಲ್ಲೂಕಿನ ಕಾಗೋಡಿನ ರೈತರು ಎದ್ದು ನಿಂತದ್ದು ಇಂಥದ್ದೇ ಕೊಳಗದ ತಕರಾರಿನಿಂದ. ಗಣಪತಿಯಪ್ಪನವರ ಮುಂದಾಳತ್ವದಲ್ಲಿ ಸತ್ಯಾಗ್ರಹಿಗಳು ಗದ್ದೆಗಿಳಿದು ಉಳುವುದು, ಪೊಲೀಸರು ಹಿಡಿದೊಯ್ಯುವುದು. ಸಮಾಜವಾದಿ ನಾಯಕ ಲೋಹಿಯಾ ಬಂದು ಸಾಗರದಲ್ಲೇ ಬಂಧನಕ್ಕೊಳಗಾದರು. ನಾನಿನ್ನೂ ಹುಟ್ಟಿರಲಿಲ್ಲ. ನಿನ್ನ ಅಜ್ಜ ಜೈಲಿಗೆ ಹೋದವರ ಪೈಕಿ ಅಲ್ಲ, ಹೆದರಿ ಮನೆಯಲ್ಲೇ ಉಳಿದವರು. ಭಾಷಣಗಳಲ್ಲಿ ಈಗ ಎಲ್ಲರ ಅಜ್ಜಂದಿರೂ ಕಾಗೋಡಿಗೆ ಹೋದವರೇ, ಅದಕ್ಕೆ ಈ ಮಾತು ನಿನಗೆ ಗೊತ್ತಿರಲಿ ಅಂತ ಬರೆದೆ.

ನಮ್ಮ ಸಂವಿಧಾನ ಜಾರಿಗೆ ಬಂದು ಆಗಲೇ ಒಂದು ವರ್ಷ ದಾಟಿತ್ತು ನೋಡು. ದೆಹಲಿಯಲ್ಲಿ ಜನ ಸಾರ್ವಭೌಮರು, ಒಡೇರ ಅಂಗಳದಲ್ಲಿ ಕೊಳಗ ಮಾತ್ರ ಅದೇ.

ಆ ಕೊಳಗ ಹೋದದ್ದು 1974ರ ಮಾರ್ಚಿನಲ್ಲಿ, ದೇವರಾಜ ಅರಸರ ಭೂಸುಧಾರಣೆಯ ತಿದ್ದುಪಡಿ ಜಾರಿಯಾದಾಗ. ನಾನು ಆಗತಾನೆ ಗ್ರಾಮಲೆಕ್ಕಿಗನಾಗಿ ಕೆಲಸಕ್ಕೆ ಸೇರಿದ್ದೆ. ನಮೂನೆ 7, ಅಂದರೆ ಉಳುವ ಗದ್ದೆ ತನ್ನ ಹೆಸರಿಗೆ ಮಾಡಿಕೊಡಿ ಎಂಬ ಗೇಣಿದಾರನ ಅರ್ಜಿ, ಅದನ್ನು ತುಂಬಿಸುವುದೇ ಕೆಲಸ. ಹಗಲು ಒಬ್ಬರೂ ಬರುತ್ತಿರಲಿಲ್ಲ. ಕತ್ತಲಾದ ಮೇಲೆ ಹಿತ್ತಿಲ ಬಾಗಿಲಿಗೆ ಬಂದು, 'ಸ್ವಾಮಿ, ನನ್ನದೊಂದು ಬರೀರಿ, ಯಾರಿಗೂ ಹೇಳಬೇಡಿ' ಎನ್ನುತ್ತಿದ್ದರು. ನಮ್ಮ ಅಪ್ಪ ಇನ್ನೂ ಒಂದು ಹೆಜ್ಜೆ ಮುಂದೆ. ನಾನು ಫಾರಂ ತುಂಬಿ ಹೆಬ್ಬೆಟ್ಟಿಗೆ ಶಾಯಿ ಹಚ್ಚಿದರೆ, 'ಒಡೇರಿಗೆ ಒಂದು ಮಾತು ಹೇಳಿ ಹಾಕೋಣವೇನೋ?' ಎಂದರು. ಭೂ ನ್ಯಾಯಮಂಡಳಿಯ ಮುಂದೆ ಆಗ ವಕೀಲರಿಗೆ ಪ್ರವೇಶವಿರಲಿಲ್ಲ, ಗೇಣಿದಾರನೇ ನಿಂತು ಮಾತಾಡಬೇಕು. ಒಡೇರ ಎದುರು ತಲೆ ಎತ್ತಿ 'ಈ ಗದ್ದೆ ನಾನು ಉಳುತ್ತಿದ್ದೇನೆ' ಎಂಬ ನಾಲ್ಕು ಪದ ಹೇಳಲು ಅಪ್ಪನಿಗೆ ಎರಡು ನಿಮಿಷ ಬೇಕಾಯಿತು. ಹಾಗಾಗಿ ಸರ್ಕಾರದ ಬಲವೆಂದರೆ ಸಾಮಾನ್ಯನ ಕುತ್ತಿಗೆ ಹಿಸುಕುವುದಕ್ಕೇ ಇರುವುದು ಎಂದು ಯಾರಾದರೂ ಹೇಳಿದರೆ ನಾನು ಒಪ್ಪುವುದಿಲ್ಲ. ಆ ಬಲ ಇಲ್ಲದಿದ್ದರೆ ನಿನ್ನ ಅಜ್ಜ ಇನ್ನೂ ಹತ್ತು ವರ್ಷ ಹೊರಗೆ ಚಪ್ಪಲಿ ಬಿಡುತ್ತಿದ್ದರು.

ಆದರೆ ಅದೇ ಸರ್ಕಾರ, ಹೆಚ್ಚುಕಮ್ಮಿ ಅದೇ ವರ್ಷಗಳು. 1975ರ ಜೂನ್ 25ರ ರಾತ್ರಿ ತುರ್ತು ಪರಿಸ್ಥಿತಿ ಬಂತು. ಮಾರನೇ ದಿನ ವಾಜಪೇಯಿ, ಆಡ್ವಾಣಿ, ಮಧು ದಂಡವತೆ ಅವರನ್ನು ಬೆಂಗಳೂರಿನಲ್ಲೇ ಹಿಡಿದು ಜೈಲಿಗೆ ಹಾಕಿದರು. ನಮ್ಮಂಥ ಹಳ್ಳಿ ನೌಕರರ ಪಾಲಿಗೆ ತುರ್ತು ಪರಿಸ್ಥಿತಿ ಎಂದರೆ ಅದಲ್ಲ. ನಮಗೆ ಬಂದದ್ದು ಸಂತಾನಹರಣ ಶಿಬಿರದ ಗುರಿ. ಇಷ್ಟು ಕೇಸು ಕೊಡಬೇಕು, ಇಲ್ಲದಿದ್ದರೆ ಮೇಲಿನವರ ಕೈಲಿ ಉಗಿಸಿಕೊಳ್ಳಬೇಕು. ಈಗ ಬರೆಯುವುದನ್ನು ನಿಮ್ಮಮ್ಮನಿಗೂ ನಾನು ಹೇಳಿಲ್ಲ. ಒಬ್ಬ ಕೂಲಿಯಾತ ನಿವೇಶನದ ಹಕ್ಕುಪತ್ರಕ್ಕೆ ದಿನಾ ಅಲೆಯುತ್ತಿದ್ದ. ಅರ್ಜಿ ಸರಿಯಾಗೇ ಇತ್ತು, ನಾನು ಮುಂದೆ ಕಳಿಸಿದರೆ ಮುಗಿಯುತ್ತಿತ್ತು. ನಾನು ಅವನಿಗೆ ಗದರಿಸಲಿಲ್ಲ, ಹೆದರಿಸಲಿಲ್ಲ. 'ಕ್ಯಾಂಪಿಗೆ ಹೋಗಿ ಚೀಟಿ ತಂದರೆ ಬೇಗ ಆಗಬಹುದು' ಎಂದೆ. ಅಷ್ಟೇ. ಅವನಿಗೆ ಇದ್ದದ್ದು ಒಂದೇ ಮಗು. ಹೋಗಿ ಬಂದ. ಹಕ್ಕುಪತ್ರ ಬಂತು. ಆಮೇಲೆ ಸಂತೆಯಲ್ಲಿ ಸಿಕ್ಕಾಗಲೆಲ್ಲ ಚೀಲ ಕೆಳಗಿಟ್ಟು ನನಗೆ ಕೈಮುಗಿಯುತ್ತಿದ್ದ, ಉಪಕಾರ ಮಾಡಿದವನು ನಾನೆಂದು. ಒಡೇರ ಕೊಳಗ ದೊಡ್ಡದು ಎಂದು ಬೈದುಕೊಂಡು ಬೆಳೆದ ನಾನು ಇಪ್ಪತ್ಮೂರನೇ ವಯಸ್ಸಿಗೆ ನನ್ನದೇ ಒಂದು ಕೊಳಗ ಮಾಡಿಕೊಂಡಿದ್ದೆ.

1976ರ ಏಪ್ರಿಲ್ 28ರಂದು ಸುಪ್ರೀಂ ಕೋರ್ಟು, ತುರ್ತು ಪರಿಸ್ಥಿತಿಯಲ್ಲಿ ಅಕ್ರಮವಾಗಿ ಬಂಧಿಸಿದರೂ ಯಾರೂ ಕೋರ್ಟಿಗೆ ಬರುವ ಹಾಗಿಲ್ಲ ಎಂದು ತೀರ್ಪು ಕೊಟ್ಟಿತು. ಐವರು ನ್ಯಾಯಮೂರ್ತಿಗಳಲ್ಲಿ ಖನ್ನಾ ಒಬ್ಬರೇ ಒಪ್ಪಲಿಲ್ಲ. ಮರುವರ್ಷ ಮುಖ್ಯ ನ್ಯಾಯಮೂರ್ತಿ ಸ್ಥಾನ ಅವರಿಗೆ ತಪ್ಪಿತು. ಆ ತೀರ್ಪು ತಪ್ಪೆಂದು ಅದೇ ಕೋರ್ಟು ಬಾಯಿಬಿಟ್ಟು ಹೇಳಲು 41 ವರ್ಷ ಹಿಡಿಯಿತು. 2017ರ ಆಗಸ್ಟ್ 24ರಂದು ಒಂಬತ್ತು ನ್ಯಾಯಮೂರ್ತಿಗಳು ಖಾಸಗಿತನ ಮೂಲಭೂತ ಹಕ್ಕು ಎಂದ ಮೊಕದ್ದಮೆಯಲ್ಲಿ. ಅದನ್ನು ಹೂಡಿದವರು ಯಾರು ಬಲ್ಲೆಯಾ? ನಮ್ಮ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿಯವರು, 2012ರಲ್ಲಿ, ಎಂಬತ್ತೈದು ದಾಟಿದ ಮೇಲೆ. 1976ರ ಪೀಠದಲ್ಲಿದ್ದ ಅಪ್ಪ ಚಂದ್ರಚೂಡರು ಸಹಿ ಹಾಕಿದ್ದ ತೀರ್ಪನ್ನು 2017ರ ಪೀಠದಲ್ಲಿದ್ದ ಮಗ ಚಂದ್ರಚೂಡರು ತೆಗೆದುಹಾಕಿದ್ದೂ ಅದೇ ದಿನ.

ಇದೆಲ್ಲ ದೊಡ್ಡವರ ಸಂಗತಿ ಎನ್ನಬೇಡ. ಹೋದ ತಿಂಗಳು ತಾಲ್ಲೂಕು ಕಚೇರಿಯೊಂದರ ಹತ್ತಿರ ಚಹಾ ಕುಡಿಯಲು ನಿಂತಿದ್ದೆ. ಮೆಣಸಿನಕಾಯಿ ಬೋಂಡ ಕಟ್ಟಿಕೊಟ್ಟ ಕಾಗದ ಬಿಚ್ಚಿದರೆ ಯಾರದೋ ಆಧಾರ್ ಕಾರ್ಡಿನ ಜೆರಾಕ್ಸು. ಹೆಸರು, ಹುಟ್ಟಿದ ತಾರೀಕು, ನಂಬರು, ಮೇಲೆ ಎಣ್ಣೆಯಲ್ಲಿ ಒದ್ದೆಯಾದ ಮುಖ. ಒಂಬತ್ತು ಜನ ಕೂತು ಕೊಟ್ಟ ತೀರ್ಪು ಆ ಕಾಗದದ ತನಕ ಬಂದಿಲ್ಲ. ನಿನ್ನ ಕಚೇರಿಯಲ್ಲಿ ಹಳೆ ಅರ್ಜಿಗಳು ರದ್ದಿಗೆ ಹೋಗದಂತೆ ನೋಡಿಕೋ, ಅದೊಂದು ನೆನಪಿರಲಿ.

ಈಗ ಊರಿನ ವಿಚಾರ. ನನಗೆ ಪಂಚಾಯಿತಿ ಎಂದರೆ ಗೌರವ ಇದೆ. 1983ರ ಪಂಚಾಯಿತಿ ಕಾಯಿದೆ ತಂದ ಮಂತ್ರಿ ನಜೀರ್ ಸಾಬರನ್ನು ನಾನು ಕಂಡಿದ್ದೇನೆ. ಊರೂರಿಗೆ ಬೋರ್‌ವೆಲ್ ಕೊರೆಸಿ ನೀರ್‌ಸಾಬ್ ಎಂದು ಹೆಸರಾದವರು. ಊರಿಗೆ ಅಧಿಕಾರ ಕೊಟ್ಟ ಮನುಷ್ಯ, ನೀರು ಕೊಟ್ಟ ಮನುಷ್ಯ ಒಬ್ಬರೇ ಎಂಬುದನ್ನು ನಿನ್ನ ಗ್ರಾಮಸಭೆಯಲ್ಲಿ ಹೇಳಿದರೂ ಹೇಳು. ನಮ್ಮ ಜಿಲ್ಲೆಯವರಿಗೆ ಊರಿನ ಹೆಮ್ಮೆ ಬೇರೆ ಜಾಸ್ತಿ. 1942ರಲ್ಲಿ ಶಿಕಾರಿಪುರದ ಪಕ್ಕದ ಈಸೂರು ಎಂಬ ಹಳ್ಳಿ ತಾನೇ ಸ್ವತಂತ್ರ ಎಂದು ಘೋಷಿಸಿಕೊಂಡು, ಐದು ಜನರನ್ನು ಗಲ್ಲಿಗೆ ಕೊಟ್ಟಿತು. 'ಏಸೂರು ಕೊಟ್ಟರೂ ಈಸೂರು ಕೊಡೆವು' ಎನ್ನುವಾಗ ನನಗೂ ಈಗಲೂ ಮೈ ಜುಮ್ಮೆನ್ನುತ್ತದೆ.

ಆದರೆ 1948ರ ನವೆಂಬರ್ 4ರಂದು ಅಂಬೇಡ್ಕರರು ಸಂವಿಧಾನದ ಕರಡು ಮಂಡಿಸುವಾಗ ಹಳ್ಳಿಯನ್ನು ಹೊಗಳಲಿಲ್ಲ. ಅದು ಅಜ್ಞಾನದ, ಸಂಕುಚಿತ ಬುದ್ಧಿಯ ತಾಣ ಎಂಬ ಅರ್ಥದಲ್ಲಿ ಮಾತಾಡಿದರು. ಕರಡು ಹಳ್ಳಿಯನ್ನು ಬಿಟ್ಟು ಒಬ್ಬೊಬ್ಬ ವ್ಯಕ್ತಿಯನ್ನೇ ಘಟಕವಾಗಿ ಹಿಡಿದದ್ದು ತನಗೆ ಸಂತೋಷ ಎಂದರು. ಸಭೆಯಲ್ಲಿ ಬಹಳ ಮಂದಿಗೆ ಸಿಟ್ಟು ಬಂತು, ಆಮೇಲೆ 40ನೇ ವಿಧಿಯಾಗಿ ಪಂಚಾಯಿತಿ ಸೇರಿತು. ನನಗೂ ಓದಿದಾಗ ಸಿಟ್ಟೇ ಬಂದಿತ್ತು. ಬರಬರುತ್ತಾ ಅವರ ಮಾತಿನ ಕಡೆಗೆ ವಾಲಿದ್ದೇನೆ. ಊರ ಬಾವಿಯ ಹತ್ತಿರ ಸೇರಿಸದೆ ನಿಲ್ಲಿಸಿದವರಿಗೇ ಗೊತ್ತು ಊರು ಎಂದರೆ ಏನು ಅಂತ. ಸಾರ್ವಭೌಮ ಎಂಬುದು ಮೊದಲಿಗೆ ಚಕ್ರವರ್ತಿಗಳ ಬಿರುದು, ಭೂಮಿಗೆಲ್ಲ ಒಡೆಯ ಎಂದರ್ಥ. ಆ ಕಿರೀಟ ಕಿತ್ತು ಊರಿನ ತಲೆಗೆ ಇಟ್ಟರೆ, ಒಬ್ಬ ರಾಜ ಹೋಗಿ ನಾನೂರು ರಾಜರು ಬಂದಂತಾಯಿತು. ಆ ಒಂದು ಮನೆಯವರು ಮಾತ್ರ ಪ್ರಜೆಗಳಾಗಿಯೇ ಉಳಿದರು. ಜನರು ಸಾರ್ವಭೌಮರು ಎಂದಾಗ ಆ ಹುಡುಗಿಯೂ ಜನರೇ ಅಲ್ಲವಾ? ರಸ್ತೆ ಎಲ್ಲಿಗೆ, ದೀಪ ಎಲ್ಲಿಗೆ, ಯಾರ ಕೇರಿಗೆ ಮೊದಲು ಚರಂಡಿ, ಇದನ್ನು ಊರು ತೀರ್ಮಾನಿಸಲಿ. ಯಾರು ಯಾರನ್ನು ಮದುವೆಯಾಗಬೇಕು ಎಂಬುದು ಠರಾವಿಗೆ ಬರುವ ವಿಷಯವೇ ಅಲ್ಲ. ಮದುವೆಯನ್ನು ನೇರವಾಗಿ ತಡೆಯಲು ಆಗದ್ದಕ್ಕೆ ನೀರಿನ ಕೊಳಗ ದೊಡ್ಡದು ಮಾಡುತ್ತಿದ್ದಾರೆ, ಅಷ್ಟೇ.

ಆದ್ದರಿಂದ ಹೀಗೆ ಮಾಡು. ಗ್ರಾಮಸಭೆಯ ತನಕ ಕಾಯಬೇಡ, ಕಾದರೆ ಅದು ಊರಿನ ಕೈಗೆ ಹೋಗುತ್ತದೆ. ಅರ್ಜಿಗೆ ಸ್ವೀಕೃತಿ ಕೊಡು, ಶುಲ್ಕ ಕಟ್ಟಿಸಿಕೋ, ಎಲ್ಲರಿಗೂ ಕೊಡುವ ಹಾಗೆ ಸರದಿಯಲ್ಲಿ ಮಂಜೂರು ಮಾಡು. ಯಾರಾದರೂ 'ಬೇಡ' ಎಂದರೆ ಬಾಯಿಮಾತು ತೆಗೆದುಕೊಳ್ಳಬೇಡ, ಕಾರಣ ಸಮೇತ ಬರೆದು ಸಹಿ ಹಾಕಿ ಕೊಡಿ ಎನ್ನು. ಮುಕ್ಕಾಲು ಪಾಲು ಜನ ಅಲ್ಲೇ ಕರಗುತ್ತಾರೆ. ಆದರೂ ಠರಾವು ಮಾಡಿದರೆ ನಡವಳಿಯಲ್ಲಿ ನಿನ್ನ ಆಕ್ಷೇಪ ಬರೆಸಿ ತಾಲ್ಲೂಕು ಪಂಚಾಯಿತಿಯ ಇಒ ಅವರಿಗೆ ಪತ್ರ ಹಾಕು. ಕಾನೂನಿಗೆ ವಿರುದ್ಧದ ಠರಾವನ್ನು ಅಮಾನತಿನಲ್ಲಿಡುವ ಅಧಿಕಾರ ಮೇಲಿನವರಿಗೆ ಕಾಯಿದೆಯಲ್ಲೇ ಇದೆ. ಫೋನ್ ಮಾಡಿ 'ಸರ್ ಏನು ಮಾಡಲಿ' ಎಂದು ಮಾತ್ರ ಕೇಳಬೇಡ. ಫೋನಿನಲ್ಲಿ ಎಲ್ಲರೂ 'ಸ್ವಲ್ಪ ಅಡ್ಜಸ್ಟ್ ಮಾಡ್ಕೊಳ್ಳಿ' ಎಂದೇ ಹೇಳುವುದು, ನಾನೂ ಎಷ್ಟೋ ಸಲ ಹೇಳಿದ್ದೇನೆ.

ಪಂಚಾಯಿತಿ ಅಧ್ಯಕ್ಷರ ವಿಷಯ. ಅವರ ಡಾಂಗಲ್, ಅಂದರೆ ಕಂಪ್ಯೂಟರಿನಲ್ಲಿ ಸಹಿ ಹಾಕುವ ಕೀಲಿ, ಅವರ ಗಂಡನ ಜೇಬಿನಲ್ಲಿರುತ್ತದೆ ಎಂದು ನಗುತ್ತಾ ಹೇಳಿದೆ. ನಗುವುದಲ್ಲ. ಆ ಹೆಣ್ಣುಮಗಳನ್ನು ಕರೆದು ನಿನ್ನ ಪಕ್ಕ ಕೂರಿಸಿಕೊಂಡು, ಯಾವುದಕ್ಕೆ ಸಹಿ ಬೀಳುತ್ತದೆ ಎಂದು ಒಂದೊಂದೇ ತೋರಿಸು. ಈ ನಲ್ಲಿಯ ವಿಚಾರವನ್ನೂ ಗಂಡನಿಗಲ್ಲ, ಅವರಿಗೇ ಹೇಳು. ಬೇರೆ ಮನೆಯಿಂದ ಬಂದ ಸೊಸೆಗೆ ಕೊಡದ ನೀರಿನ ಕಷ್ಟ ಅವರಿಗೆ ನನಗಿಂತ, ನಿನಗಿಂತ ಬೇಗ ತಿಳಿಯುತ್ತದೆ.

ನಿನಗೆ ವರ್ಗಾವಣೆ ಆಗಬಹುದು. ನಿಮ್ಮಮ್ಮ ಅಳುತ್ತಾಳೆ, ನಾನು ಸಮಾಧಾನ ಮಾಡುತ್ತೇನೆ.

ಅಪ್ಪೆಮಿಡಿ ಉಪ್ಪಿನಕಾಯಿ ಎರಡು ಭರಣಿ ಬಸ್ಸಿನಲ್ಲಿ ಕಳಿಸಿದ್ದಾಳೆ ನಿನ್ನ ಅತ್ತೆ, ಕಂಡಕ್ಟರ್ ಹತ್ತಿರ ಕೇಳಿ ಇಸಿದುಕೋ. ಆ ಮನೆಯ ನಲ್ಲಿಯಲ್ಲಿ ನೀರು ಬಂದ ದಿನ ಒಂದು ಫೋನ್ ಮಾಡು, ರಾತ್ರಿ ಎಷ್ಟು ಹೊತ್ತಾದರೂ ಪರವಾಗಿಲ್ಲ.

ಇಂತಿ ನಿನ್ನ
ಮಾವ