ಹಿಂಸೆ ತಡೆಯುವ ಮಸೂದೆ ಮತ್ತೆ ಬರಲಿ: ಬಳ್ಳಾರಿ ಸಂಸದರಿಗೊಂದು ಬಹಿರಂಗ ಪತ್ರ

ಮಾನ್ಯ ಸಂಸದರೇ,

ನಮಸ್ಕಾರ. ಪೊಲೀಸರು, ಸರ್ಕಾರಿ ನೌಕರರು ಕೈಗೆ ಸಿಕ್ಕವರಿಗೆ ಹಿಂಸೆ ಕೊಟ್ಟು, ಹೊಡೆದು ಬಾಯಿ ಬಿಡಿಸುವುದು ನಮ್ಮಲ್ಲಿ ಇವತ್ತು ನಿನ್ನೆ ಶುರುವಾದದ್ದಲ್ಲ. ಬಳ್ಳಾರಿ ಇನ್ನೂ ಮದ್ರಾಸ್ ಪ್ರಾಂತ್ಯದಲ್ಲಿದ್ದಾಗ, 1855ರಲ್ಲಿ, ಇದರ ಬಗ್ಗೆಯೇ ಒಂದು ಸರ್ಕಾರಿ ಆಯೋಗ ವರದಿ ಕೊಟ್ಟಿತ್ತು. ಆ ಪ್ರಾಂತ್ಯದಲ್ಲಿ ಕಂದಾಯ ಕಟ್ಟದ ರೈತನನ್ನು ಬಗ್ಗಿಸಿ, ಕುತ್ತಿಗೆಗೂ ಕಾಲಿಗೂ ಸೇರಿಸಿ ಹಗ್ಗ ಬಿಗಿದು ಬಿಸಿಲಲ್ಲಿ ನಿಲ್ಲಿಸುತ್ತಿದ್ದರು. ಸಾಲದ್ದಕ್ಕೆ ಬೆನ್ನ ಮೇಲೆ ಕಲ್ಲು. ಬೆರಳುಗಳನ್ನು ಮರದ ಪಟ್ಟಿಗಳ ನಡುವೆ ಇಟ್ಟು ಹಿಂಡುವುದು, ಕಣ್ಣಿಗೆ ಖಾರದ ಪುಡಿ ಹಾಕುವುದೂ ಇತ್ತು. ಕಳ್ಳತನದ ಗುಮಾನಿಗೆ ಸಿಕ್ಕವರಿಗೂ ಇದೇ ಗತಿ. ವಸೂಲಿ, ಪೊಲೀಸ್ ಕೆಲಸ ಎರಡೂ ಒಂದೇ ಸಿಬ್ಬಂದಿಯ ಕೈಯಲ್ಲಿದ್ದವು. ದೂರು ಯಾರ ಹತ್ತಿರ ಹೇಳ್ಬೇಕು? ಆಯೋಗ ತಪ್ಪನ್ನು ಹೆಚ್ಚಾಗಿ ಕೆಳಗಿನ ದೇಶೀ ನೌಕರರ ತಲೆಗೆ ಕಟ್ಟಿತು. ಆದರೆ ಆ ದುಡ್ಡು ಹೋಗುತ್ತಿದ್ದದ್ದು ಆಗ ಆಳುತ್ತಿದ್ದ ಈಸ್ಟ್ ಇಂಡಿಯಾ ಕಂಪನಿಯ ಖಜಾನೆಗೆ ಅಲ್ವಾ?

1861ರಲ್ಲಿ ಒಂದು ಒಳ್ಳೆಯ ನಿಯಮ ಬಂತು: ಪೊಲೀಸರ ಮುಂದೆ ಮಾಡಿದ ತಪ್ಪೊಪ್ಪಿಗೆ ಕೋರ್ಟಿನಲ್ಲಿ ನಡೆಯುವುದಿಲ್ಲ. ಅದು ಇವತ್ತಿಗೂ ಇದೆ. ಆದರೆ ಒಂದು ಕಿಂಡಿಯೂ ಉಳಿದಿದೆ. ಆರೋಪಿ ಹೇಳಿದ ಜಾಗದಲ್ಲಿ ಮಾಲು ಸಿಕ್ಕರೆ, ಅಷ್ಟು ಮಾತು ಸಾಕ್ಷಿಯಾಗಬಹುದು. ಹೊಡೆದು ಹೇಳಿಸಿದ್ದು ಅಂತ ತೋರಿಸಲು ಸ್ಟೇಷನ್ನಿನ ಒಳಗೆ ಅವನ ಪರ ಯಾರಿದ್ದಾರೆ?

ಸೂಜಿ ಚುಚ್ಚಿ ಮಾತಾಡಿಸುವ ಮಂಪರು ಪರೀಕ್ಷೆಗೆ ನಮ್ಮ ಬೆಂಗಳೂರು ಹೆಸರಾಗಿತ್ತು. ಒಪ್ಪಿಗೆ ಇಲ್ಲದೆ ಅದನ್ನು ಮಾಡುವಂತಿಲ್ಲ ಎಂದು 2010ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದೂ ಕರ್ನಾಟಕದ ಸೆಲ್ವಿ ಪ್ರಕರಣದಲ್ಲೇ. ಅದೇ ತಿಂಗಳು ಲೋಕಸಭೆ ಹಿಂಸೆ ತಡೆ ಮಸೂದೆಯನ್ನು ಒಪ್ಪಿತು. ರಾಜ್ಯಸಭೆಯಲ್ಲಿ ಅದು ಸಿಕ್ಕಿಕೊಂಡು ಬಿದ್ದುಹೋಯಿತು. ಹಿಂಸೆಯ ವಿರುದ್ಧದ ವಿಶ್ವಸಂಸ್ಥೆಯ ಒಪ್ಪಂದಕ್ಕೆ ಭಾರತ 1997ರಲ್ಲೇ ಸಹಿ ಹಾಕಿದೆ. ಅದಕ್ಕೆ ಬದ್ಧವಾಗುವ ಅನುಮೋದನೆ ಮಾತ್ರ ಕೊಟ್ಟಿಲ್ಲ.

2017ರಲ್ಲಿ ಕಾನೂನು ಆಯೋಗ ತನ್ನ 273ನೇ ವರದಿಯಲ್ಲಿ ಮಸೂದೆಯ ಕರಡನ್ನೇ ಬರೆದುಕೊಟ್ಟಿದೆ. ಅದರಲ್ಲಿ ನನಗೆ ಜಾಸ್ತಿ ಮುಖ್ಯ ಅನ್ನಿಸುವ ಸಲಹೆ ಒಂದಿದೆ. ಕಸ್ಟಡಿಯಲ್ಲಿದ್ದವನ ಮೈಮೇಲೆ ಗಾಯ ಕಂಡರೆ, ಅದು ಪೊಲೀಸರಿಂದಲೇ ಆದದ್ದು ಎಂದು ಕೋರ್ಟ್ ಭಾವಿಸಬೇಕು. ಅಲ್ಲ ಎನ್ನುವುದಾದರೆ ಅವರೇ ಸಾಬೀತು ಮಾಡಲಿ.

ಖಾಸಗಿ ಮಸೂದೆಯಾಗಿಯಾದರೂ ಸರಿ, ನೀವು ಇದನ್ನು ಲೋಕಸಭೆಯಲ್ಲಿ ಮಂಡಿಸಿ. ವಿಶ್ವಸಂಸ್ಥೆಯ ಒಪ್ಪಂದಕ್ಕೆ ಅನುಮೋದನೆ ಯಾವಾಗ ಎಂದು ಗೃಹ ಸಚಿವರನ್ನು ಕೇಳಿ. ಅವರು ಕೊಟ್ಟ ಉತ್ತರವನ್ನು ನಮಗೂ ಕನ್ನಡದಲ್ಲಿ ತಿಳಿಸಿ.

ಇಂತಿ,
ನಿಮ್ಮ ಕ್ಷೇತ್ರದ ಮತದಾರ