ಮನೆ ಪತ್ರ ವಾಪಸ್ ಬಂತು

ಬೆಟಗೇರಿಯ ನಮ್ಮ ಮನೆಯ ಪತ್ರಗಳು ಮೊನ್ನೆ ಬ್ಯಾಂಕಿನಿಂದ ವಾಪಸ್ ಬಂದವು. ಕೆಲವರಿಗೆ ಥ್ಯಾಂಕ್ಸ್ ಹೇಳಲೇಬೇಕು.

ನಮ್ಮದು ಗದಗದಲ್ಲಿ ಸಣ್ಣ ಪ್ರೆಸ್. ಆಫ್‌ಸೆಟ್ ಮಷಿನ್ ತರೋಕೆ ಮನೆ ಅಡ ಇಟ್ಟು, ನನ್ನ ಹೆಸರಲ್ಲಿ ಸಾಲ ಮಾಡಿದ್ದೆವು. 2020ರಲ್ಲಿ ಮದುವೆಗಳೇ ನಿಂತವು. ಆಮೇಲೆ ಮದುವೆ ಶುರುವಾದವು, ಆದರೆ ಲಗ್ನಪತ್ರಿಕೆ ವಾಟ್ಸಾಪ್‌ಗೆ ಹೋಗಿತ್ತು. ಕಂತು ತಪ್ಪುತ್ತಾ ಬಂತು.

ಬ್ಯಾಂಕಿನ ಲಕೋಟೆ ಬಂದರೆ ಒಡೆಯದೆ ಪೇಪರ್ ರೀಮಿನ ಕೆಳಗೆ ತುರುಕುತ್ತಿದ್ದೆ. ಅದನ್ನು ಕಂಡವರು ನಮ್ಮ ಬೈಂಡಿಂಗ್ ಕಾಕಾ. "ಮುಚ್ಚಿಟ್ರ ಸಾಲ ಕರಗತೈತೇನವಾ?" ಅಂದರು. ಅವತ್ತೇ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಕರೆದುಕೊಂಡು ಹೋದರು. ಹೆಣ್ಣುಮಕ್ಕಳಿಗೆ ಆದಾಯ ಎಷ್ಟೇ ಇರಲಿ, ಅಲ್ಲಿ ವಕೀಲರು ಪುಕ್ಕಟೆ ಸಿಗುತ್ತಾರೆ. ನನಗೆ ಗೊತ್ತೇ ಇರಲಿಲ್ಲ.

ಅಲ್ಲಿ ಸಿಕ್ಕ ವಕೀಲ ಮೇಡಂ ಮೊದಲು ಲಕೋಟೆಗಳನ್ನೆಲ್ಲ ಒಡೆದು ತಾರೀಖಿನ ಪ್ರಕಾರ ಜೋಡಿಸಿದರು. ಸರ್ಫೇಸಿ ನೋಟಿಸ್ ಅದು, ಅಂದರೆ ಸಾಲ ಕಟ್ಟದಿದ್ದರೆ ಕೋರ್ಟಿಗೆ ಹೋಗದೆಯೇ ಅಡ ಇಟ್ಟ ಮನೆಯನ್ನು ಬ್ಯಾಂಕು ವಶ ಮಾಡಿಕೊಳ್ಳಬಹುದಾದ ಕಾಯ್ದೆಯದು. ಕಟ್ಟಲು 60 ದಿನ ಇರುತ್ತದೆ, ಅದರಲ್ಲಿ ನನ್ನ ಪಾಲಿಗೆ 22 ಉಳಿದಿದ್ದವು. "ದಿವಾಳಿ ಅರ್ಜಿ ಹಾಕಿಬಿಡ್ಲಾ ಮೇಡಂ?" ಅಂತ ಕೇಳಿದೆ. ಒಬ್ಬೊಬ್ಬರ ಸಾಲಕ್ಕೆ ಇನ್ನೂ 1920ರ ಕಾಯ್ದೆಯೇ ಇದೆಯಂತೆ. ಆದರೆ ಅಡ ಇಟ್ಟ ಮನೆ ಅದರಿಂದ ಉಳಿಯುವುದಿಲ್ಲ. 2016ರ ಹೊಸ ಕಾಯ್ದೆ ಕಂಪನಿಗಳಿಗೆ ನಡೆಯುತ್ತದೆ, ನಮ್ಮಂಥ ಅಂಗಡಿಯವರ ಭಾಗ ಜಾರಿಗೇ ಬಂದಿಲ್ಲ. "ಲೋಕ ಅದಾಲತ್‌ನಾಗ ಕೂಡೋಣ" ಅಂದರು. ನೋಟಿಸಿಗೆ ಆಕ್ಷೇಪಣೆಯನ್ನೂ ಬರೆದುಕೊಟ್ಟರು. ಅದಕ್ಕೆ ಬ್ಯಾಂಕು 15 ದಿನದಲ್ಲಿ ಉತ್ತರ ಕೊಡಬೇಕು.

ಕೊನೆಗೆ ಲೋಕ ಅದಾಲತ್‌ನಲ್ಲಿ ರಾಜಿಯಾಗಿ ಬ್ಯಾಂಕಿನವರು ದಂಡದ ಬಡ್ಡಿ ಬಿಟ್ಟರು, ಉಳಿದದ್ದು ಹತ್ತು ಕಂತು. ಸಹಿ ಬಿದ್ದ ಮೇಲೆ ಆ ರಾಜಿ ಕೋರ್ಟ್ ಡಿಕ್ರಿ ಇದ್ದಂತೆ, ಮೇಲ್ಮನವಿ ಇಲ್ಲ. ಹಾಗಾಗಿ ಹತ್ತು ತಿಂಗಳು ನಿದ್ದೆ ಅಷ್ಟಕ್ಕಷ್ಟೇ. ಹುಬ್ಬಳ್ಳಿಯ ಪೇಪರ್ ಅಂಗಡಿಯ ಅಣ್ಣಾರು ಆಗ ಒಂದು ಮಾತೂ ಆಡದೆ ಉದ್ರಿ ಕೊಟ್ಟರು. ನಾದಿನಿ ತನ್ನ ಪಾಟ್ಲಿ ಬಿಚ್ಚಿ ಕೊಟ್ಟಳು. ಅದನ್ನು ಇನ್ನೂ ಬಿಡಿಸಬೇಕು.

ವಸೂಲಿಯವರು ರಾತ್ರಿ ಫೋನ್ ಮಾಡಿದರೆ ಏನು ಹೇಳಬೇಕು ಅಂತಲೂ ಮೇಡಂ ಕಲಿಸಿದ್ದರು. ಬೆಳಿಗ್ಗೆ 8ಕ್ಕೆ ಮುಂಚೆ, ಸಂಜೆ 7ರ ನಂತರ ಮಾಡುವ ಹಾಗಿಲ್ಲ. ಒಮ್ಮೆ ಗಟ್ಟಿಯಾಗಿ ಹೇಳಿದೆ, ನಿಂತವು.

ಸಾಲದ ದಾಖಲೆ ಇಡುವ ಸಿಬಿಲ್‌ನಲ್ಲಿ 'ಸೆಟಲ್ಡ್', ಅಂದರೆ ಪೂರ್ತಿ ಕಟ್ಟದೆ ರಾಜಿಯಲ್ಲಿ ಮುಗಿದ ಸಾಲ ಅಂತ ಕೂತಿದೆ. ಹೊಸ ಸಾಲ ಸಿಗೋದು ಕಷ್ಟ. ಯಾರಿಗೆ ಬೇಕು ಬಿಡಿ.

ಪತ್ರ ಬಂದ ದಿನ ಕಾಕಾ ಕನ್ನಡಕ ಹಾಕಿಕೊಂಡು ಹಾಳೆಗಳನ್ನು ಎರಡು ಸಲ ಎಣಿಸಿದರು. ಆಮೇಲೆ ನೀಟಾಗಿ ಹೊಲಿದು, ಕ್ಯಾಲಿಕೋ ರಟ್ಟು ಹಾಕಿ ಕೊಟ್ಟರು. ಮಜೂರಿ ಮಾತ್ರ ತಗೊಳ್ಳಲಿಲ್ಲ.